ನಾಲ್ಕೂವರೆ ವರ್ಷಕ್ಕೆ ಬರುವ ರಾಜೀನಾಮೆ ಕಾಗದ

ಪ್ರಶ್ನೆ: ಮದ್ದೂರು ತಾಲ್ಲೂಕಿನ ಒಂದು ಗಾರ್ಮೆಂಟ್ಸ್‌ನಲ್ಲಿ ಟೈಲರ್ ಆಗಿದ್ದೇನೆ. ಸೇರಿ ನಾಲ್ಕು ವರ್ಷ ಐದು ತಿಂಗಳಾಯಿತು. ನಡುವೆ ಹೆರಿಗೆಗೆಂದು ಆರು ತಿಂಗಳು ರಜೆಯಲ್ಲಿದ್ದೆ. ಹೋದ ವಾರ ಎಚ್‌ಆರ್‌ನವರು ನನ್ನನ್ನೂ ನಮ್ಮ ಲೈನಿನ ಇನ್ನೂ ಮೂವರನ್ನೂ ಕರೆದು, ‘ರಾಜೀನಾಮೆ ಬರೆದುಕೊಡಿ, ಪಿಎಫ್ ಸೆಟಲ್ ಮಾಡಿಸುತ್ತೇವೆ, ಹದಿನೈದು ದಿನ ಬಿಟ್ಟು ಹೊಸದಾಗಿ ಸೇರಿಕೊಳ್ಳಿ’ ಎಂದರು. ಕೆಲಸ ಬಿಡುವಾಗ ಕಾರ್ಖಾನೆ ಕೊಡಬೇಕಾದ ಗ್ರಾಚ್ಯುಟಿ ಹಣ ಕೇಳಿದ್ದಕ್ಕೆ, ಹೆರಿಗೆ ರಜೆಯಿಂದ ಸರ್ವಿಸ್ ಕಟ್ ಆಗಿದೆ, ನಿನಗೆ ಹೇಗೂ ಬರುವುದಿಲ್ಲ ಎಂದರು. ನಮ್ಮಲ್ಲಿ ಒಬ್ಬಳು ಆಗಲೇ ಸಹಿ ಹಾಕಿದ್ದಾಳೆ. ಮನೆಯಲ್ಲಿ ಸಂಘದ ಸಾಲ ಇದೆ, ಪಿಎಫ್ ಬಂದರೆ ತೀರಿಸಬಹುದು ಎಂದು ನಮ್ಮ ಯಜಮಾನರೂ ಹೇಳುತ್ತಿದ್ದಾರೆ. ಸಹಿ ಹಾಕಬಹುದೇ? ಹಾಕದಿದ್ದರೆ ಕೆಲಸದಿಂದ ತೆಗೆಯುತ್ತಾರೆಯೇ?

ಉತ್ತರ:

ತಂಗಿ, ಸಹಿ ಹಾಕಬೇಡಿ. ಕಾರಣಗಳನ್ನು ನಿಧಾನವಾಗಿ ಹೇಳುತ್ತೇನೆ. ನಾಳೆ ಬೆಳಿಗ್ಗೆಯೇ ಮತ್ತೆ ಕರೆದರೆ ಎಂಬ ಭಯಕ್ಕೆ ಇಷ್ಟನ್ನು ಮೊದಲೇ ಹೇಳಿಬಿಟ್ಟೆ. ಕರೆದರೆ ‘ಮನೆಯಲ್ಲಿ ಕೇಳಿ ಹೇಳುತ್ತೇನೆ ಸರ್’ ಎಂದು ಲೈನಿಗೆ ಮರಳಿ. ಹೆಂಗಸು ಮನೆಯಲ್ಲಿ ಕೇಳಬೇಕು ಎಂದರೆ ಅವರು ತಕರಾರಿಲ್ಲದೆ ನಂಬುತ್ತಾರೆ. ನಮ್ಮ ಮೇಲಿನ ಆ ಅಸಡ್ಡೆ ಒಮ್ಮೆಯಾದರೂ ನಮ್ಮ ಉಪಯೋಗಕ್ಕೆ ಬರಲಿ.

ಆ ಕಾಗದವನ್ನು ನಾನು ಚೆನ್ನಾಗಿ ಬಲ್ಲೆ. ಮೈಸೂರಿನ ಒಂದು ಕಾರ್ಖಾನೆಯಲ್ಲಿ ಒಂಬತ್ತು ವರ್ಷ ಷರ್ಟಿಗೆ ಕಾಲರ್ ಕೂಡಿಸಿದವಳು ನಾನು. ಒಂದೇ ಕಾರ್ಖಾನೆ, ಒಂದೇ ಲೈನು, ಹೆಚ್ಚುಕಡಿಮೆ ಒಂದೇ ಮಷೀನು. ಆದರೆ ಟೋಕನ್ ನಂಬರ್ ಮಾತ್ರ ಮೂರು. ಮೊದಲ ಸಲ, ನಿಮ್ಮ ಹಾಗೆಯೇ ನಾಲ್ಕು ವರ್ಷ ದಾಟಿದಾಗ, ಅವರೇ ಕರೆದು ಬರೆಸಿಕೊಂಡರು. ಎರಡನೆಯ ಸಲ ಯಾರೂ ಕೇಳಲಿಲ್ಲ, ನಾನೇ ಬರೆದುಕೊಟ್ಟೆ. ತಮ್ಮ ಕೊಳವೆ ಬಾವಿ ಕೊರೆಸುತ್ತೇನೆ ಎಂದಿದ್ದ, ಪಿಎಫ್ ತೆಗೆದು ಅವನ ಕೈಗೆ ಕೊಟ್ಟೆ. ನೀರು ಬರಲಿಲ್ಲ, ದೂಳು ಬಂತು. ಕಡೆಗೆ ಸೊಂಟ ನೋವು ತಡೆಯಲಾರದೆ ಕೆಲಸ ಬಿಟ್ಟು ಗ್ರಾಚ್ಯುಟಿ ಕೇಳಲು ಹೋದರೆ, ಅವರ ಕಂಪ್ಯೂಟರಿನಲ್ಲಿ ನನ್ನ ಸೇವೆ ಎರಡು ವರ್ಷ ಒಂದು ತಿಂಗಳು ಎಂದಿತ್ತು. ಬಡ್ಡಿ ಲೆಕ್ಕ ಬಾಯಲ್ಲೇ ಹೇಳುತ್ತಿದ್ದ ನಾನು ನನ್ನ ವರ್ಷಗಳನ್ನು ಎಣಿಸಿರಲಿಲ್ಲ. ಆಮೇಲೆ ಬೇರೆಯವರ ವರ್ಷಗಳನ್ನು ಎಣಿಸುವುದೇ ನನ್ನ ಕೆಲಸವಾಯಿತು.

ಈಗ ನಿಮ್ಮ ಲೆಕ್ಕಕ್ಕೆ ಬರೋಣ. ಒಂದು ಕಡೆ ಐದು ವರ್ಷ ಬಿಡದೆ ದುಡಿದವರಿಗೆ, ಅವರು ಯಾವ ಕಾರಣಕ್ಕೆ ಕೆಲಸ ಬಿಟ್ಟರೂ, ಗ್ರಾಚ್ಯುಟಿ ಕೊಡಲೇಬೇಕು. 1972ರಿಂದಲೂ ಇರುವ ನಿಯಮ ಇದು. ಕೊನೆಯ ತಿಂಗಳ ಮೂಲ ವೇತನ ಮತ್ತು ತುಟ್ಟಿಭತ್ಯೆಯನ್ನು ಕೂಡಿಸಿ, 26ರಿಂದ ಭಾಗಿಸಿ, 15ರಿಂದ ಗುಣಿಸಿದರೆ ಒಂದು ವರ್ಷದ್ದು ಸಿಗುತ್ತದೆ. ನಿಮಗೆ 13,000 ರೂಪಾಯಿ ಎಂದಿಟ್ಟುಕೊಳ್ಳೋಣ. ದಿನಕ್ಕೆ 500, ವರ್ಷಕ್ಕೆ 7,500, ಐದು ವರ್ಷಕ್ಕೆ 37,500. ನಿಮ್ಮೊಬ್ಬರಿಗೆ ಇಷ್ಟಾದರೆ, ಸಾವಿರ ಹೆಂಗಸರಿರುವ ಕಾರ್ಖಾನೆಯಲ್ಲಿ ಎಲ್ಲರಿಗೂ ಐದು ವರ್ಷ ತುಂಬಿದರೆ ಮೂರು ಮುಕ್ಕಾಲು ಕೋಟಿ. ನಾಲ್ಕೂವರೆ ವರ್ಷಕ್ಕೆ ಸರಿಯಾಗಿ ಎಚ್‌ಆರ್‌ನವರಿಗೆ ನಿಮ್ಮ ಪಿಎಫ್ ಮೇಲೆ ಅಕ್ಕರೆ ಉಕ್ಕುವುದು ಯಾಕೆಂದು ಇನ್ನು ಬಿಡಿಸಿ ಹೇಳಬೇಕಿಲ್ಲ.

ಇದರಲ್ಲಿ ಬಹಳ ಜನ ಗಮನಿಸದ ಇನ್ನೊಂದು ನಷ್ಟವಿದೆ. ಗ್ರಾಚ್ಯುಟಿಯನ್ನು ಲೆಕ್ಕ ಹಾಕುವುದು ಕೊನೆಯ ಸಂಬಳದ ಮೇಲೆ. ನೀವು ಹೆಲ್ಪರ್ ಆಗಿ ಕಡಿಮೆ ಸಂಬಳಕ್ಕೆ ದುಡಿದ ಮೊದಲ ವರ್ಷಕ್ಕೂ ಕಡೆಯ ಸಂಬಳದ ದರವೇ ಸಿಗುತ್ತದೆ. ಇದೇ ಟೋಕನ್ನಿನಲ್ಲಿ ಹತ್ತು ವರ್ಷ ಮುಗಿಸಿ, ಆ ಹೊತ್ತಿಗೆ ಸಂಬಳ 18,000 ಆಗಿದ್ದರೆ ಒಂದು ಲಕ್ಷ ದಾಟುತ್ತದೆ. ಈಗ ಕಾಗದ ಕೊಟ್ಟರೆ ಮೊದಲ ನಾಲ್ಕೂವರೆ ವರ್ಷ ಗಾಳಿಗೆ ಹೋಗುತ್ತದೆ, ಹೊಸ ಲೆಕ್ಕ ಸೊನ್ನೆಯಿಂದ ಶುರುವಾಗುತ್ತದೆ.

ಹೆರಿಗೆ ರಜೆಯಿಂದ ಸರ್ವಿಸ್ ಕಟ್ ಆಗಿದೆ ಎಂದರಲ್ಲ, ಅದು ಸುಳ್ಳು. ಸಂಬಳ ಸಹಿತ ಹೆರಿಗೆ ರಜೆ 26 ವಾರದವರೆಗೆ ನಿರಂತರ ಸೇವೆಯ ಲೆಕ್ಕಕ್ಕೇ ಸೇರುತ್ತದೆ ಎಂದು ಕಾನೂನಿನಲ್ಲಿ ಅಕ್ಷರ ಅಕ್ಷರವಾಗಿ ಬರೆದಿದೆ. ಆ ಹಣ ಇಎಸ್‌ಐ ಎಂಬ ಕಾರ್ಮಿಕರ ವಿಮೆಯಿಂದ ಬಂದಿದ್ದರೂ ಅಷ್ಟೇ. ಕಾಯಿಲೆಯ ರಜೆ, ಕೆಲಸವಿಲ್ಲವೆಂದು ಕೂರಿಸಿದ ಲೇ-ಆಫ್, ಕೆಲಸದಲ್ಲಿ ಪೆಟ್ಟಾಗಿ ಮಲಗಿದ ದಿನಗಳು, ಇವು ಯಾವುವೂ ಸೇವೆಯನ್ನು ಮುರಿಯುವುದಿಲ್ಲ. ಹಾಗಾಗಿ ನಿಮಗೆ ಆಗಿರುವುದು ನಾಲ್ಕು ವರ್ಷ ಐದು ತಿಂಗಳೇ. ಮಗು ಹೆತ್ತದ್ದಕ್ಕೆ ಆರು ತಿಂಗಳು ಕಳೆಯುವ ಗಣಿತ ಅವರದು, ಕಾನೂನಿನದಲ್ಲ.

ನಾಲ್ಕು ವರ್ಷ ಮುಗಿದು ಐದನೆಯ ವರ್ಷದಲ್ಲಿ 240 ದಿನ ದುಡಿದಿದ್ದರೆ ಅದನ್ನೂ ಐದು ವರ್ಷವೆಂದೇ ಹಿಡಿಯಬೇಕು ಎಂದು ಮದ್ರಾಸ್ ಹೈಕೋರ್ಟ್ ಹೇಳಿದ್ದುಂಟು. ಅದನ್ನು ನೆಚ್ಚಿಕೊಂಡು ಐದು ವರ್ಷಕ್ಕೆ ಮೊದಲೇ ಬಿಡಬೇಡಿ. ಕೋರ್ಟಿನಲ್ಲಿ ವಾದ ಮಾಡಲು ಬರುವ ಮಾತು ಅದು, ಗೇಟಿನಲ್ಲಿ ಅಲ್ಲ. ಇನ್ನು ಏಳು ತಿಂಗಳು. ತಳ್ಳಿಬಿಡಿ.

ಪಿಎಫ್ ವಿಷಯವನ್ನು ನಿಮ್ಮ ಯಜಮಾನರಿಗೂ ಓದಿ ಹೇಳಿ. ಪಿಎಫ್ ಎಚ್‌ಆರ್‌ನವರು ಕೊಡಿಸುವ ಉಡುಗೊರೆಯಲ್ಲ. ನಿಮ್ಮ ಸಂಬಳದಿಂದ ನೂರಕ್ಕೆ 12 ಹಿಡಿಯುತ್ತಾರೆ, ಅಷ್ಟನ್ನೇ ಅವರೂ ಹಾಕಬೇಕು. ಅವರ ಪಾಲಿನಲ್ಲಿ 8.33 ಪಿಂಚಣಿ ಖಾತೆಗೆ ಹೋಗುತ್ತದೆ, ಉಳಿದದ್ದು ನಿಮ್ಮ ನಿಧಿಗೆ. ಕಾರ್ಖಾನೆ ನಾಳೆ ಮುಚ್ಚಿದರೂ ಅದು ನಿಮ್ಮದೇ. ಇನ್ನು ‘ಹದಿನೈದು ದಿನ ಬಿಟ್ಟು ಸೇರಿ, ಪಿಎಫ್ ಸೆಟಲ್ ಮಾಡಿಸುತ್ತೇವೆ’ ಎಂಬ ಮಾತಿನ ಎರಡು ತುದಿಗಳು ಒಂದಕ್ಕೊಂದು ಕೂಡುವುದೇ ಇಲ್ಲ. ಪಿಎಫ್ ಪೂರ್ತಿ ತೆಗೆಯಲು ಎರಡು ತಿಂಗಳು ಕೆಲಸವಿಲ್ಲದೆ ಇರಬೇಕು ಎಂಬುದು ಬಹುಕಾಲದಿಂದ ಇದ್ದ ನಿಯಮ. 2025ರ ಅಕ್ಟೋಬರ್‌ನಲ್ಲಿ ಭವಿಷ್ಯ ನಿಧಿಯ ಕೇಂದ್ರ ಮಂಡಳಿ ಅದನ್ನು ಹನ್ನೆರಡು ತಿಂಗಳಿಗೆ ಏರಿಸುವ ತೀರ್ಮಾನ ಮಾಡಿತು. ನೀವು ಹದಿನಾರನೆಯ ದಿನ ಹೊಸ ಟೋಕನ್ ಹಿಡಿದು ಒಳಗೆ ಹೋದರೆ, ನಿಮ್ಮ ಪಿಎಫ್ ಖಾತೆಯ ಅದೇ ಯುಎಎನ್ ಸಂಖ್ಯೆಯಲ್ಲಿ ಹೊಸ ಕಂತು ಬೀಳುತ್ತದೆ. ನೀವು ಕೆಲಸದಲ್ಲಿದ್ದೀರಿ ಎಂದು ಅಲ್ಲಿ ಗೊತ್ತಾಗಿ ಪೂರ್ತಿ ಹಣದ ಅರ್ಜಿ ತಿರಸ್ಕಾರವಾಗುತ್ತದೆ. ಅದನ್ನು ತಪ್ಪಿಸಲು ಕೆಲವರು ಏನು ಮಾಡುತ್ತಾರೆ ಗೊತ್ತೇ? ಎರಡು ತಿಂಗಳು ಪಿಎಫ್, ಇಎಸ್‌ಐ ಎರಡೂ ಇಲ್ಲದೆ ದುಡಿಸುತ್ತಾರೆ. ಆ ಎರಡು ತಿಂಗಳಲ್ಲಿ ಸೂಜಿ ಬೆರಳಿಗೆ ಹೊಕ್ಕರೆ ಆಸ್ಪತ್ರೆ ಖರ್ಚು ನಿಮ್ಮದು.

ಸಾಲದ ಕಷ್ಟ ನನಗೆ ಅರ್ಥವಾಗದ್ದಲ್ಲ. ಮಂಡ್ಯದ ಕಡೆ ವಾರದ ಕಂತು ಕಟ್ಟದ ಮನೆಯೇ ಇಲ್ಲ ಎನ್ನುವಂತಾಗಿದೆ. ಆದರೆ ಕೆಲಸ ಬಿಡದೆಯೇ ಪಿಎಫ್‌ನಿಂದ ಮುಂಗಡ ತೆಗೆಯಲು ದಾರಿ ಇದೆ. ಕಾಯಿಲೆ, ಮದುವೆ, ಓದು, ಮನೆ ಎಂದು ಬೇರೆ ಬೇರೆ ಕಾರಣಗಳಿವೆ. ಈಚಿನ ತೀರ್ಮಾನಗಳು ಅದನ್ನು ಇನ್ನೂ ಸಡಿಲ ಮಾಡುವ ದಿಕ್ಕಿನಲ್ಲೇ ಇವೆ. ಆಧಾರ್, ಬ್ಯಾಂಕ್ ಖಾತೆ ಮತ್ತು ಮೊಬೈಲ್ ಸಂಖ್ಯೆ ಯುಎಎನ್‌ಗೆ ಜೋಡಣೆಯಾಗಿದ್ದರೆ ಮೊಬೈಲಿನಲ್ಲೇ ಅರ್ಜಿ ಹಾಕಬಹುದು, ಎಚ್‌ಆರ್ ಸಹಿ ಬೇಕಿಲ್ಲ. ಸೈಬರ್ ಸೆಂಟರಿನವರು ನೂರಕ್ಕೆ ಇಷ್ಟು ಎಂದು ಕಮಿಷನ್ ಕೇಳಿದರೆ ಕೊಡಬೇಡಿ, ಅರ್ಜಿಗೆ ಶುಲ್ಕವೇ ಇಲ್ಲ. ಸಾಲದವರು ಮನೆ ಮುಂದೆ ಬಂದು ಗಲಾಟೆ ಮಾಡುತ್ತಿದ್ದರೆ, ಬಲವಂತದ ವಸೂಲಿ ತಡೆಯಲು ನಮ್ಮ ರಾಜ್ಯ 2025ರಲ್ಲೇ ಕಾನೂನು ತಂದಿದೆ, ಪೊಲೀಸ್ ಠಾಣೆಗೆ ಹೋಗಬಹುದು.

ಪಿಂಚಣಿಯ ಮಾತನ್ನು ಯಾರೂ ಎತ್ತುವುದಿಲ್ಲ, ಇಪ್ಪತ್ತೆಂಟು ವರ್ಷದ ಹೆಣ್ಣುಮಗಳಿಗೆ ಐವತ್ತೆಂಟು ಬಹಳ ದೂರ. ಹತ್ತು ವರ್ಷದ ಸೇವೆ ಇದ್ದರೆ ಆ ವಯಸ್ಸಿನಿಂದ ಪಿಂಚಣಿ ಉಂಟು. ಪ್ರತಿ ಸಲ ಪಿಎಫ್ ಜೊತೆಗೆ ಪಿಂಚಣಿ ಹಣವನ್ನೂ ಬಳಿದು ತೆಗೆದರೆ ಆ ವರ್ಷಗಳು ಅಳಿಸಿಹೋಗುತ್ತವೆ. ಹದಿನೈದು ವರ್ಷ ಹೊಲಿದೂ ಹತ್ತು ವರ್ಷದ ಸೇವೆ ತೋರಿಸಲಾಗದ ಎಷ್ಟೋ ಅಕ್ಕಂದಿರನ್ನು ನಾನು ಕಂಡಿದ್ದೇನೆ. ಕನಿಷ್ಠ ಪಿಂಚಣಿ ತಿಂಗಳಿಗೆ ಬರೀ 1,000 ರೂಪಾಯಿ ಎಂದು ನಗುವವರಿದ್ದಾರೆ. ಅದೂ ಬಾರದವರು ನಗುವುದಿಲ್ಲ.

ಪಿಎಫ್ ಎಂದರೆ ನಮ್ಮವರಿಗೆ ಎಂಥ ಗೋಲಕ ಎಂಬುದು ಸರ್ಕಾರಕ್ಕೆ ಒಮ್ಮೆ ತಿಳಿದಿದೆ. ಮಾಲೀಕರ ಪಾಲಿನ ಹಣವನ್ನು 58 ವರ್ಷದವರೆಗೆ ತೆಗೆಯುವಂತಿಲ್ಲ ಎಂದು 2016ರ ಫೆಬ್ರವರಿಯಲ್ಲಿ ಹೊಸ ನಿಯಮ ತಂದರು. ಏಪ್ರಿಲ್ 18 ಮತ್ತು 19ರಂದು ಬೆಂಗಳೂರಿನ ಗಾರ್ಮೆಂಟ್ಸ್ ಹೆಂಗಸರು ಸಾವಿರ ಸಾವಿರ ಸಂಖ್ಯೆಯಲ್ಲಿ ರಸ್ತೆಗೆ ಇಳಿದರು. ನಾಯಕರಿಲ್ಲ, ವೇದಿಕೆಯಿಲ್ಲ, ಮೈಕಿಲ್ಲ. ಎರಡನೆಯ ದಿನವೇ ಕೇಂದ್ರ ಸರ್ಕಾರ ನಿಯಮವನ್ನು ಹಿಂದಕ್ಕೆ ಪಡೆಯಿತು. ಲಾಠಿ ಏಟೂ ಬಿತ್ತು, ಕೇಸುಗಳೂ ಆದವು, ಅದನ್ನು ಮರೆಯಬಾರದು. ಅಷ್ಟು ಕಷ್ಟಪಟ್ಟು ಉಳಿಸಿಕೊಂಡ ಪಿಎಫ್ ಅನ್ನೇ ಆಸೆ ತೋರಿಸಿ ಗ್ರಾಚ್ಯುಟಿ ಕಿತ್ತುಕೊಳ್ಳುವುದನ್ನು ಕಂಡಾಗ ನನಗೆ ಮೈಯೆಲ್ಲ ಉರಿಯುತ್ತದೆ.

ಹಾಕದಿದ್ದರೆ ತೆಗೆಯುತ್ತಾರೆಯೇ ಎಂದು ಕೇಳಿದ್ದೀರಿ. ತೆಗೆಯುವುದು ಅವರಿಗೆ ದುಬಾರಿ. ವರ್ಷ ದಾಟಿದ ಕೆಲಸಗಾರರನ್ನು ಕೆಲಸವಿಲ್ಲ ಎಂದು ತೆಗೆಯಬೇಕಾದರೆ ಒಂದು ತಿಂಗಳ ನೋಟಿಸು ಅಥವಾ ಅಷ್ಟು ಸಂಬಳ, ಜೊತೆಗೆ ವರ್ಷಕ್ಕೆ ಹದಿನೈದು ದಿನದ ಸಂಬಳದಂತೆ ಪರಿಹಾರ ಕೊಡಬೇಕು. ತಪ್ಪು ಹೊರಿಸಿ ತೆಗೆಯಬೇಕಾದರೆ ವಿಚಾರಣೆ ನಡೆಸಬೇಕು. ನೀವೇ ‘ಸ್ವಂತ ಕಾರಣಗಳಿಂದ’ ಎಂದು ಬರೆದುಕೊಟ್ಟರೆ ಇವು ಯಾವುವೂ ಬೇಡ. ಆ ಎರಡು ಪದಗಳ ಬೆಲೆ ಅಷ್ಟಿದೆ.

ಹಾಗೆಂದು ಸುಮ್ಮನೆ ಬಿಡುತ್ತಾರೆ ಎಂದೂ ನಾನು ಹೇಳುವುದಿಲ್ಲ. ನಿಮ್ಮನ್ನು ಪಳಗಿದ ಕೆಲಸದಿಂದ ಎಬ್ಬಿಸಿ ಗೊತ್ತಿಲ್ಲದ ಆಪರೇಷನ್‌ಗೆ ಕೂರಿಸಬಹುದು. ಗಂಟೆಗೆ ಇಷ್ಟು ಪೀಸ್ ಎಂಬ ಟಾರ್ಗೆಟ್ ಏರಿಸಿ ಎಲ್ಲರ ಎದುರು ಬೈಯಬಹುದು. ಊರಿನ ವ್ಯಾನ್ ಡ್ರೈವರ್‌ಗೆ ‘ಅವಳನ್ನು ಹತ್ತಿಸಬೇಡ’ ಎನ್ನಬಹುದು. ಬೇಸರಪಟ್ಟು ಮನೆಯಲ್ಲಿ ಕೂತುಬಿಡುವ ತಪ್ಪನ್ನು ಮಾತ್ರ ಮಾಡಬೇಡಿ, ಅವರು ಕಾಯುವುದೇ ಅದಕ್ಕೆ. ‘ಹೇಳದೆ ಕೇಳದೆ ಬಿಟ್ಟು ಹೋದಳು’ ಎಂದು ಫೈಲಿನಲ್ಲಿ ಬರೆದುಕೊಳ್ಳುತ್ತಾರೆ. ವ್ಯಾನ್ ಇಲ್ಲದಿದ್ದರೆ ಬಸ್ಸಿನಲ್ಲಿ ಹೋಗಿ. ಗೇಟಿನಲ್ಲಿ ತಡೆದರೆ ಯಾರು, ಎಷ್ಟು ಹೊತ್ತಿಗೆ ಎಂದು ಬರೆದಿಟ್ಟುಕೊಳ್ಳಿ. ‘ಇಂದು ಕೆಲಸಕ್ಕೆ ಬಂದಿದ್ದೇನೆ, ಒಳಗೆ ಬಿಡಲಿಲ್ಲ’ ಎಂದು ಎಚ್‌ಆರ್ ಮೊಬೈಲಿಗೆ ಸಂದೇಶ ಕಳಿಸಿ, ಅದೇ ದಿನ ಕಾರ್ಮಿಕ ಇಲಾಖೆಯ ಕಚೇರಿಗೆ ಹೋಗಿ.

ಈ ಭಾನುವಾರ ಒಂದು ಕೆಲಸ ಮಾಡಿ. ನೇಮಕಾತಿ ಪತ್ರ, ಗುರುತಿನ ಚೀಟಿ, ಸಂಬಳದ ಚೀಟಿಗಳು, ಇಎಸ್‌ಐ ಕಾರ್ಡ್, ಹೆರಿಗೆ ರಜೆಯ ಅರ್ಜಿ, ಎಲ್ಲದರ ಫೋಟೊ ತೆಗೆದು ನಿಮ್ಮ ಅಣ್ಣನಿಗೋ ಅಕ್ಕನಿಗೋ ಕಳಿಸಿಡಿ. ಮೊಬೈಲ್ ಕಳೆದುಹೋದರೂ ದಾಖಲೆ ಉಳಿಯುತ್ತದೆ. ಪಿಎಫ್ ಜಾಲತಾಣದಲ್ಲಿ ನಿಮ್ಮ ಸೇವಾ ವಿವರ ತೆರೆದು ಎರಡು ದಿನಾಂಕ ನೋಡಿ: ಸೇರಿದ ದಿನ ಮತ್ತು ಬಿಟ್ಟ ದಿನ. ಬಿಟ್ಟ ದಿನದ ಜಾಗ ಖಾಲಿ ಇರಬೇಕು. ಕೆಲಸದಲ್ಲಿರುವಾಗಲೇ ಅಲ್ಲಿ ದಿನಾಂಕ ಬಿದ್ದಿದ್ದರೆ, ಅವರು ನಿಮ್ಮನ್ನು ಕೇಳುವ ಮೊದಲೇ ನಿಮ್ಮನ್ನು ಬಿಡಿಸಿಯಾಗಿದೆ ಎಂದರ್ಥ. ಸಂಸ್ಥೆಯ ಹೆಸರನ್ನೂ ನೋಡಿ. ಗೋಡೆಯ ಮೇಲಿನ ಹೆಸರು ಒಂದು, ಪಿಎಫ್‌ನಲ್ಲಿರುವುದು ಯಾವುದೋ ಗುತ್ತಿಗೆದಾರನ ಹೆಸರು ಎಂಬುದೂ ಉಂಟು. ನೀವು ಹೊಲಿಯುವ ಬಟ್ಟೆಯ ಕತ್ತಿನ ಲೇಬಲ್ಲಿನಲ್ಲಿ ಯಾವ ಬ್ರ್ಯಾಂಡ್ ಇದೆ ಎಂಬುದನ್ನೂ ಬರೆದಿಟ್ಟುಕೊಳ್ಳಿ.

ಲೇಬಲ್ ಯಾಕೆ ಎನ್ನುತ್ತೀರಾ? 2020ರ ಜೂನ್‌ನಲ್ಲಿ, ಕೊರೊನಾ ನಡುವೆ, ಶ್ರೀರಂಗಪಟ್ಟಣದ ಒಂದು ದೊಡ್ಡ ಗಾರ್ಮೆಂಟ್ಸ್ ಮುಂಚಿತವಾಗಿ ತಿಳಿಸದೆ ಮಷೀನುಗಳನ್ನು ಸಾಗಿಸಲು ಹೊರಟಿತು. ಸಾವಿರಕ್ಕೂ ಹೆಚ್ಚು ಜನ, ಬಹುಪಾಲು ಹೆಂಗಸರು, ತಿಂಗಳು ದಾಟಿ ಅಲ್ಲೇ ಧರಣಿ ಕೂತರು. ನಾನೂ ಬುತ್ತಿ ಕಟ್ಟಿಕೊಂಡು ಹೋಗಿ ಕೂತಿದ್ದೆ. ಇಲ್ಲಿನ ಕೂಗಿಗೆ ಬಗ್ಗದವರು, ಬಟ್ಟೆ ಕೊಳ್ಳುವ ವಿದೇಶಿ ಬ್ರ್ಯಾಂಡಿನ ಹೆಸರು ಪತ್ರಿಕೆಗಳಲ್ಲಿ ಬರತೊಡಗಿದ ಮೇಲೆ ಮಾತಿಗೆ ಕೂರಬೇಕಾಯಿತು. ಮುಂದಿನ ವರ್ಷ ಗಾರ್ಮೆಂಟ್ ಅಂಡ್ ಟೆಕ್ಸ್‌ಟೈಲ್ ವರ್ಕರ್ಸ್ ಯೂನಿಯನ್ ಜೊತೆ ಒಪ್ಪಂದವಾಗಿ, ಕೆಲಸ ಕಳೆದುಕೊಂಡವರನ್ನು ಬೇರೆ ಘಟಕದಲ್ಲಿ ಮತ್ತೆ ತೆಗೆದುಕೊಳ್ಳಲು ಒಪ್ಪಿದರು. ಕಾರ್ಖಾನೆ ತಪಾಸಣೆಗೆ ಬರುವ ಆಡಿಟ್ ದಿನ ನಮಗೆ ಹೇಳಿಕೊಡುತ್ತಿದ್ದ ಪಾಠ ನಿಮಗೂ ಗೊತ್ತಲ್ಲ: ‘ಎಲ್ಲ ಚೆನ್ನಾಗಿದೆ ಎನ್ನಿ.’ ಆ ಆಡಿಟ್ ಕಳಿಸುವವರೇ ಲೇಬಲ್ಲಿನವರು.

ಸಹಿ ಹಾಕಿರುವ ನಿಮ್ಮ ಗೆಳತಿಯ ವಿಷಯ ನಿಮ್ಮದಕ್ಕಿಂತ ತುರ್ತು. ರಾಜೀನಾಮೆ ಅಂಗೀಕಾರವಾಗಿ ಜಾರಿಗೆ ಬರುವ ಮೊದಲು ಅದನ್ನು ಹಿಂದಕ್ಕೆ ಪಡೆಯಬಹುದು. ‘ಒತ್ತಾಯದಿಂದ ಸಹಿ ಮಾಡಿಸಿಕೊಂಡಿದ್ದೀರಿ, ರಾಜೀನಾಮೆಯನ್ನು ಹಿಂಪಡೆದಿದ್ದೇನೆ, ಕೆಲಸ ಮುಂದುವರಿಸುತ್ತೇನೆ’ ಎಂದು ನಾಳೆಯೇ ಬರೆದು ಸ್ಪೀಡ್ ಪೋಸ್ಟ್‌ನಲ್ಲಿ ಕಳಿಸಲಿ. ರಿಜಿಸ್ಟರ್ಡ್ ಅಂಚೆ ಈಗ ಸ್ಪೀಡ್ ಪೋಸ್ಟ್‌ಗೇ ಸೇರಿಹೋಗಿದೆ. ತಲುಪಿದ್ದಕ್ಕೆ ದಾಖಲೆ ಕೊಡಿ ಎಂದು ಅಂಚೆಯವರನ್ನು ಕೇಳಬೇಕು. ಒಂದು ಪ್ರತಿಯನ್ನು ಕಾರ್ಮಿಕ ಇಲಾಖೆಗೂ ಕೊಟ್ಟು ಮೊಹರು ಹಾಕಿಸಿಕೊಳ್ಳಲಿ. ವಾರ ಕಳೆದ ಮೇಲೆ ‘ಒತ್ತಾಯ’ ಎಂದರೆ ನಂಬಿಸುವುದು ಕಷ್ಟ. ಹದಿನೈದು ದಿನದ ಇಂಥ ನಾಟಕದ ಬಿಡುವನ್ನು ಕೋರ್ಟುಗಳು ಒಪ್ಪದ ಉದಾಹರಣೆಗಳಿವೆ, ಆದರೆ ಅದು ನಾಟಕ ಎಂದು ತೋರಿಸುವ ಹೊರೆ ನಮ್ಮ ತಲೆಯ ಮೇಲೆ.

ಆಕೆ ಈಗಾಗಲೇ ಹೊಸದಾಗಿ ಸೇರಿಬಿಟ್ಟಿದ್ದರೆ ಹೊಸ ನೇಮಕಾತಿ ಪತ್ರವನ್ನು ಓದಲಿ. ‘ನಿಗದಿತ ಅವಧಿಗೆ’ ಎಂಬ ಮಾತು ನುಸುಳಿದೆಯೇ ನೋಡಬೇಕು. 2025ರ ನವೆಂಬರ್ 21ರಿಂದ ಕೇಂದ್ರದ ನಾಲ್ಕು ಕಾರ್ಮಿಕ ಸಂಹಿತೆಗಳು ಜಾರಿಗೆ ಬಂದಿವೆ. ಹಳೆಯ ಗ್ರಾಚ್ಯುಟಿ ಕಾಯ್ದೆಯ ಜಾಗದಲ್ಲಿ ಈಗ ಸಾಮಾಜಿಕ ಭದ್ರತಾ ಸಂಹಿತೆ ಇದೆ. ಕಾಯಂ ಕೆಲಸಗಾರರಿಗೆ ಐದು ವರ್ಷ, ಹದಿನೈದು ದಿನ ಎಂಬ ಲೆಕ್ಕ ಹಾಗೆಯೇ ಉಳಿದಿದೆ. ನಿಗದಿತ ಅವಧಿಯವರಿಗೆ ಒಂದು ವರ್ಷಕ್ಕೇ ಗ್ರಾಚ್ಯುಟಿ ಉಂಟು. ಇದು ಒಳ್ಳೆಯದು ಎನ್ನಿಸುತ್ತದೆ, ಆದರೆ ಅವಧಿ ಮುಗಿದ ದಿನ ನೋಟಿಸಿಲ್ಲದೆ, ಪರಿಹಾರವಿಲ್ಲದೆ ಮನೆಗೆ ಕಳಿಸಬಹುದು. ಕೊಟ್ಟ ಕೈಯೇ ಕಿತ್ತುಕೊಂಡ ಹಾಗೆ. ಕೆಲಸ ಬಿಟ್ಟವರ ಬಾಕಿ ಸಂಬಳವನ್ನು ಎರಡು ಕೆಲಸದ ದಿನಗಳಲ್ಲಿ ಕೊಡಬೇಕು ಎಂಬ ನಿಯಮ ಮಾತ್ರ ನನಗೆ ನಿಜಕ್ಕೂ ಇಷ್ಟವಾಯಿತು. ಗ್ರಾಚ್ಯುಟಿಗೆ 30 ದಿನ, ತಡವಾದರೆ ಬಡ್ಡಿ. ಕಾರ್ಖಾನೆ ಮುಚ್ಚಲು ಸರ್ಕಾರದ ಅನುಮತಿ ಬೇಕು ಎಂಬ ಮಿತಿ ಮೊದಲು 100 ಜನಕ್ಕಿತ್ತು, ಈಗ 300ಕ್ಕೆ ಏರಿದೆ. ಬೆಂಗಳೂರಿಗಿಂತ ಕಡಿಮೆ ಕನಿಷ್ಠ ವೇತನ ಎಂದೇ ನಮ್ಮ ಕಡೆಗೆ ಬಂದಿರುವ ಸಣ್ಣ ಘಟಕಗಳಿಗೆ ಇದರಿಂದ ಹೊರಡುವುದೂ ಸಲೀಸಾಯಿತು.

ಎಲ್ಲಿಗೆ ಹೋಗಬೇಕು ಎಂದರೆ, ಮೊದಲು ನೀವು ನಾಲ್ವರು ಒಟ್ಟಿಗೆ ಹೋಗಿ. ಒಬ್ಬೊಬ್ಬರನ್ನೇ ಒಳಗೆ ಕರೆಯುವುದು ಅವರ ಉಪಾಯ. ‘ನಾವು ನಾಲ್ವರೂ ಇದ್ದಾಗ ಹೇಳಿ’ ಎನ್ನುವುದು ತಪ್ಪಲ್ಲ. ಜಿಲ್ಲೆಯ ಕಾರ್ಮಿಕ ಇಲಾಖೆಯ ಕಚೇರಿಗೆ ಕನ್ನಡದಲ್ಲಿ ಕೈಯಲ್ಲಿ ಬರೆದ ಅರ್ಜಿ ಸಾಕು, ಆದರೆ ಸ್ವೀಕೃತಿ ಪಡೆಯದೆ ಅಲ್ಲಿಂದ ಏಳಬೇಡಿ. ವಕೀಲರು ಬೇಕೆನಿಸಿದರೆ ಜಿಲ್ಲಾ ಕಾನೂನು ಸೇವೆಗಳ ಪ್ರಾಧಿಕಾರಕ್ಕೆ ಹೋಗಿ. ಹೆಂಗಸರಿಗೆ, ಆದಾಯ ಎಷ್ಟೇ ಇರಲಿ, ಅಲ್ಲಿ ವಕೀಲರ ನೆರವು ಉಚಿತ. ಸಹಾಯವಾಣಿ ಸಂಖ್ಯೆ 15100. ಯೂನಿಯನ್ ಸೇರುವುದು ನಿಮ್ಮ ಹಕ್ಕು. ನಾನು ಮೇಲೆ ಹೇಳಿದ್ದು ಒಂದು, ಹೆಂಗಸರೇ ನಡೆಸುವ ಗಾರ್ಮೆಂಟ್ ಲೇಬರ್ ಯೂನಿಯನ್ ಇನ್ನೊಂದು. ಸದಸ್ಯತ್ವದ ಹಣಕ್ಕೆ ರಸೀದಿ ಕೊಡದವರನ್ನು ಮಾತ್ರ ನಂಬಬೇಡಿ, ಅಂಥವರೂ ನಮ್ಮಲ್ಲಿದ್ದಾರೆ.

ನಾಳೆ ಎಚ್‌ಆರ್‌ಗೆ ಕೊಡಲು ಉದ್ದದ ಪತ್ರ ಬೇಡ. ನಾಲ್ಕು ಸಾಲು ಸಾಕು, ಇದನ್ನೇ ನೋಡಿ ಬರೆಯಿರಿ: ‘ನಾನು ಇಂಥ ದಿನದಿಂದ ತಮ್ಮ ಕಾರ್ಖಾನೆಯಲ್ಲಿ ನಿರಂತರವಾಗಿ ಕೆಲಸ ಮಾಡುತ್ತಿದ್ದೇನೆ. ನನ್ನ ಹೆರಿಗೆ ರಜೆಯೂ ಈ ಸೇವೆಯಲ್ಲಿ ಸೇರಿದೆ. ರಾಜೀನಾಮೆ ಕೊಡುವಂತೆ ಇಂಥ ದಿನ ನನಗೆ ಹೇಳಲಾಯಿತು. ರಾಜೀನಾಮೆ ಕೊಡುವ ಇಚ್ಛೆ ನನಗಿಲ್ಲ, ಕೆಲಸದಲ್ಲಿ ಮುಂದುವರಿಯುತ್ತೇನೆ.’ ಎರಡು ಪ್ರತಿ ಬರೆದು, ಒಂದರ ಮೇಲೆ ‘ಸ್ವೀಕರಿಸಿದೆ’ ಎಂದು ಸಹಿ ಕೇಳಿ. ಕೊಡದಿದ್ದರೆ ಜಗಳ ಬೇಡ, ಅಂಚೆ ಇದೆ. ನಿಮ್ಮ ಸಹಿಯ ಕೆಳಗೆ ದಿನಾಂಕವನ್ನು ನಿಮ್ಮ ಕೈಯಿಂದಲೇ ಹಾಕಿ. ನನ್ನ ಮೊದಲ ಕಾಗದದಲ್ಲಿ ಆ ಜಾಗ ಖಾಲಿ ಬಿಟ್ಟಿದ್ದೆ, ಅದನ್ನು ಅವರು ತುಂಬಿಕೊಂಡರು.